ಬೊಟ್ಟಿನಮ್ಮ

ನಮ್ಮ ದೇವಿಗೆ ಬೆನ್ನು ಹಾಕಿ ನಿಲ್ಲಬೇಕು.
ತಿರುಗಿ ಕೈ ಮುಗಿದರೆ ಗೋಯ್ದು ಗುನಗ ಬೈಯುತ್ತಾನೆ:
"ನೋಡೂದು ಅವಳನ್ನಲ್ಲ, ಅವಳು ತೋರಿಸಿದ್ದನ್ನ."

ಆಳೆತ್ತರದ ಚಿರೆಕಲ್ಲು. ಕಣ್ಣಿಲ್ಲ, ಮೂಗಿಲ್ಲ,
ಮೈತುಂಬ ಗುಳಿ. ನೂರಾ ಹದಿನಾಲ್ಕು ಎನ್ನುತ್ತಾನೆ ಅವನು,
ನಾನೆಣಿಸಿದಾಗಲೆಲ್ಲ ಒಂದು ಹೆಚ್ಚು, ಇಲ್ಲವೆ ಒಂದು ಕಡಿಮೆ.
ಕಾರ್ತಿಕದ ಅಮಾವಾಸ್ಯೆಗೆ ಬೆಳಚಿನ ಚಿಪ್ಪು ಸುಟ್ಟು ಸುಣ್ಣ ಕಲಸಿ
ಗುಳಿಗೊಂದು ಬೊಟ್ಟು.
ಬೊಟ್ಟೆಂದರೆ ಬೆರಳು, ಬೊಟ್ಟೆಂದರೆ ಹಣೆಯದು,
ಬೊಟ್ಟು ಮಾಡಿದರೆ ದಾರಿ.
ಗಾಳದ ಹನ್ನೊಂದು ಗುಳಿ ಮಾತ್ರ ಖಾಲಿ ಬಿಡಬೇಕು,
ಆ ತಿಂಗಳು ಗಾಳ ಸೂರ್ಯನ ಜೊತೆ ಕೆಲಸಕ್ಕೆ ಹೋಗಿರುತ್ತದೆ.

ದೀಪವಿಲ್ಲ. ಆರತಿಯ ಮಾತೇ ಇಲ್ಲ.
ಒಮ್ಮೆ ಯಾರೋ ಕರ್ಪೂರ ಹಚ್ಚಿದ್ದಕ್ಕೆ
ಮೂರು ವರ್ಷ ಬಂಗುಡೆ ಈ ಕಡೆ ಸುಳಿಯಲಿಲ್ಲವಂತೆ.
ನಾನು ನಂಬುವುದಿಲ್ಲ,
ಆದರೂ ಮೊಬೈಲು ಮನೆಯಲ್ಲೇ ಬಿಟ್ಟು ಬರುತ್ತೇನೆ.
ಕತ್ತಲಲ್ಲೇ ಅವಲಕ್ಕಿ ಬೆಲ್ಲ ಹಂಚುವುದು,
ಯಾರಿಗೆ ಹೆಚ್ಚು ಬಂತೆಂಬ ಜಗಳವೂ ಕತ್ತಲಲ್ಲೇ.

ಎಡಗೈ ಬೆನ್ನ ಹಿಂದೆ ಗುಳಿ ತಡಕಬೇಕು,
ಬಲಗೈ ಮೇಲೆ ಅದರ ಚಿಕ್ಕಿ ಹುಡುಕಬೇಕು.
ಹೀಗೆ ಕಲಿತೆವು: ಸಮುದ್ರಕ್ಕಿಳಿಯುವ ಹಾಯಿಯ ಮೂರು ಮೂಲೆ,
ಬಲಗಡೆ ಗುಡ್ಡದ ಮೇಲೆ
ಮುಕ್ಕಾಲು ಗೇಣು ಎತ್ತರದಲ್ಲಿ ಅಲುಗದ ಧ್ರುವ.
ಒಂದು ಗುಳಿ ತಪ್ಪಿದರೆ ಹಿಂದಿನಿಂದ ನಗು:
"ಹೋಯ್ತು, ಗೋವೆಗೆ ಹೋಗಿ ಬಿದ್ದೆ!"

ಅದು ಅರಗಾದಲ್ಲಿ, ಅವಳ ಮುಖ ಪಡುವಣಕ್ಕಿದ್ದಾಗ.
ನೌಕಾನೆಲೆಗೆ ಊರು ಹೋದ ವರ್ಷ
ಹೊಲಿಗೆ ಮಿಶನ್ನು, ಒನಕೆ, ಟೇಬಲ್ ಫ್ಯಾನುಗಳ ನಡುವೆ
ಟೆಂಪೋದಲ್ಲಿ ಅಂಗಾತ ಮಲಗಿ ತೋಡೂರಿಗೆ ಬಂದಳು.
(ದಾರಿಯುದ್ದಕ್ಕೂ ಆಕಾಶ ನೋಡಿದ್ದು ಅದೊಂದೇ ಸಲ, ಪಾಪ.)
ಮೇಸ್ತ್ರಿ ವಾಸ್ತು ಬಲ್ಲವನು.
ಮೂಡಲಿಗೆ ಮುಖ ಮಾಡಿಸಿ ಸಿಮೆಂಟು ಹಾಕಿಯೇ ಬಿಟ್ಟ.

ಬಲಗಡೆಯ ಧ್ರುವ ಎಡಗಡೆಗೆ ಬಂತು.
ಕಂತುವ ಚಿಕ್ಕಿಯ ಗುಳಿ ಮುಟ್ಟಿದರೆ
ಎದುರಿಗೆ ಏಳುವ ಚಿಕ್ಕಿ.
ನಕಾಶೆಯೇ ತಪ್ಪಿದ ಮೇಲೆ ದೇವಿ ಹೇಗಾದಾಳು?
ಸಭೆ ಕೂತಿತು. ಸಿಮೆಂಟು ಒಡೆಯಲು ನಾಲ್ಕು ಸಾವಿರ ಕೂಡಿತು.

ಆಗ ತುಳಸು ಎದ್ದಳು.
ಅವಳ ಬೀರಪ್ಪನ ದೋಣಿ ದೇವಗಡದ ಹತ್ತಿರ ಬರಿದೇ ಸಿಕ್ಕಿತ್ತು,
ಒಳಗೆ ಒಂದು ಬುತ್ತಿ, ಮುಚ್ಚಳ ತೆಗೆಯದ್ದು.
ಅವನ ಹೆಸರಿಗೊಂದು ಬೊಟ್ಟು ಇಡೆಂದು ಅವಳು ಬೇಡಿದ್ದಳು,
ಗೋಯ್ದು ಒಪ್ಪಿರಲಿಲ್ಲ:
"ಸತ್ತವರನ್ನ ಚಿಕ್ಕಿ ಮಾಡೂದು ಬೇರೆ ದೇವರ ಕೆಲಸ ಮಾರಾಯ್ತಿ,
ಇಲ್ಲಿರೂದೆಲ್ಲ ದುಡಿಯೋ ಚಿಕ್ಕಿ."

"ಪಡುವಣ ಅಂದ್ರೆ ಹೋಗೋ ದಿಕ್ಕು" ಅಂದಳು ತುಳಸು.
"ಹೋಗೂದನ್ನ ನಮ್ಮ ಗಂಡಸರಿಗೆ ಯಾರೂ ಕಲಿಸಬೇಕಾಗಿಲ್ಲ.
ಈಗಾದ್ರೂ ಬರೂದನ್ನ ತೋರಿಸ್ತಾ ನಿಂತಾಳೆ. ಬಿಡಿ ಅವಳನ್ನ."

ಗೋಯ್ದು ತಲೆ ಕೆರೆದ. ಎಲೆ ಹಾಕಿದ. ಉಗಿಯಲು ಎದ್ದುಹೋದ.
ನಾಲ್ಕು ಸಾವಿರದ ಲೆಕ್ಕ ಇನ್ನೂ ಸಿಕ್ಕಿಲ್ಲ.

ಈ ಸಲ ಲೈನ್‌ಮನ್ ರುಜಾರ್ ಒಂದು ತಾಸು ಬೀದಿದೀಪ ತೆಗೆದ,
ತನ್ನ ಜಗಲಿಯ ಕ್ರಿಸ್ಮಸ್ ನಕ್ಷತ್ರವನ್ನೂ ಆರಿಸಿಟ್ಟು ಬಂದು
ನಮ್ಮ ಸಾಲಿನಲ್ಲಿ ಬೆನ್ನು ಹಾಕಿ ನಿಂತ.
ಗುಡ್ಡದಾಚೆ ನೆಲೆಯ ಬೆಳಕು ಇದ್ದೇ ಇತ್ತು,
ಅದನ್ನು ಆರಿಸುವವರು ನಮ್ಮ ಫೋನೆತ್ತುವುದಿಲ್ಲ.

ಒಂದು ಗುಳಿಯಲ್ಲಿ ಕಣಜ ಮಣ್ಣು ಮೆತ್ತಿ ಮನೆ ಕಟ್ಟಿತ್ತು.
ಅದನ್ನು ಬಿಟ್ಟು ಬೆರಳು ಮುಂದೆ ಸರಿಸಿದೆ.
ಪಕ್ಕದಲ್ಲಿ ತುಳಸುವಿನ ಕೈ ಹಾಯಿಯ ಮೂರು ಗುಳಿ ದಾಟುತ್ತಿತ್ತು.
ಎದುರಿಗೆ, ಕಾಡಿನ ಅಂಚಿನಿಂದ ಆಗಷ್ಟೇ ಮೇಲೆ ಬಂದಿದ್ದವು
ಸಾಲಾಗಿ ಮೂರು.
"ಹುಟ್ಟು" ಅಂದಳು.
ದೋಣಿಯದೋ, ಮತ್ತೊಂದೋ, ನಾನು ಕೇಳಲಿಲ್ಲ.

ದೀಪ ಬಂದಾಗ ಎಲ್ಲರ ಎಡಗೈಯಲ್ಲೂ ಸುಣ್ಣ.
ರುಜಾರ್ ತನ್ನದನ್ನು ಪ್ಯಾಂಟಿಗೆ ಒರೆಸಿಕೊಳ್ಳಲು ಹೋಗಿ
ಯಾಕೋ ಹಾಗೇ ಬಿಟ್ಟ.