ಸಿಂಬೆ

ಜನವರಿಯ ಗಾಳಿಗೆ ಇಲ್ಲಿ ಹೆಸರಿಲ್ಲ, ಬೈಗುಳವಿದೆ.
ಸ್ತಮಾಟಿಯ ಮುದುಕಿ ಬೆಳಿಗ್ಗೆ ಬಾಗಿಲು ತೆಗೆದೊಡನೆ
ಮೊದಲು ಅದನ್ನು ಬೈಯುತ್ತಾಳೆ, ಆಮೇಲೆ ನನ್ನನ್ನು,
ಆಮೇಲೆ ಕತ್ತರಿ ಕೊಡುತ್ತಾಳೆ.

ಸಾಂತೊರೀನಿಯಲ್ಲಿ ದ್ರಾಕ್ಷಿಗೆ ಚಪ್ಪರವಿಲ್ಲ.
ನಿಂತ ಬಳ್ಳಿಯನ್ನು ಗಾಳಿ ಮುರಿಯುತ್ತದೆ, ಅದಕ್ಕೇ ಕೂರಿಸುತ್ತೇವೆ:
ಹೋದ ವರ್ಷದ ಕಡ್ಡಿಯನ್ನು ಬಗ್ಗಿಸಿ
ಅದರ ಹಿಂದಿನ ವರ್ಷದ್ದರ ಮೇಲೆ ಸುತ್ತಿ, ತುದಿ ಸಿಕ್ಕಿಸಿ
ಕೊಡ ಹೊರುವವಳ ನೆತ್ತಿಯ ಸಿಂಬೆಯಂತೆ
ಬೂದಿನೆಲದ ನೆತ್ತಿಗೊಂದು.
ಹೊರಬೇಕಾದ ಗೊಂಚಲು ಮಾತ್ರ ಅದರ ಒಳಗೆ,
ಗಾಳಿಯ ಕಣ್ಣಿಗೆ ಬೀಳದ ಹಾಗೆ.

ನಾನು ಲುಲ್ಜಿಮ್, ಅಲ್ಬೇನಿಯಾದ ಬೆರಾತಿನವನು.
ಇವಳ ಬಾಯಲ್ಲಿ ಲೂಲಿಸ್. ಹತ್ತೊಂಬತ್ತು ಚಳಿಗಾಲವಾಯಿತು.
ಮೊದಲ ವಾರ ನಾನು ಮುರಿದ ಹನ್ನೊಂದು ಕಡ್ಡಿಗಳನ್ನು ಕಂತೆ ಕಟ್ಟಿ
ನನ್ನ ಕೋಣೆಯ ಬಾಗಿಲಿಗೇ ತೂಗುಹಾಕಿದ್ದಳು.
‘ಮುರಿಯುವ ಮುಂಚೆ ಕಡ್ಡಿ ಹೇಳುತ್ತದೆ,
ಹೆಬ್ಬೆರಳಲ್ಲಿ ಕೇಳಿಸಿಕೊ.’

ಮೇ ತಿಂಗಳಿಂದ ಮಳೆಯ ಮಾತಿಲ್ಲ.
ರಾತ್ರಿ ಕಡಲಿನಿಂದ ಮಂಜು ದಿಬ್ಬ ಹತ್ತಿ ಬರುತ್ತದೆ,
ನೊರೆಗಲ್ಲು ಅದನ್ನು ಕುಡಿದು ಬಾಯಿ ಮುಚ್ಚಿಕೊಳ್ಳುತ್ತದೆ,
ಹಗಲಿಡೀ ಜಿಪುಣನಂತೆ ಬೇರಿಗೆ
ತೊಟ್ಟು, ಮತ್ತೊಂದು ತೊಟ್ಟು.
ಹನಿ ನೀರಾವರಿ ಮಾರುವ ಹುಡುಗ ಅಥೆನ್ಸಿನಿಂದ ಬಂದಿದ್ದ.
ಅವನಿಗೆ ಕಾಫಿ ಕೊಟ್ಟಳು, ಕಡಲೆ ಕೊಟ್ಟಳು, ಬಸ್ಸಿನ ಹೊತ್ತು ಹೇಳಿದಳು.
ಮಾದರಿಗೆಂದು ಅವನು ಬಿಟ್ಟುಹೋದ ಪೈಪಿನ ಮೇಲೆ
ಈಗ ನನ್ನ ಅಂಗಿ ಒಣಗುತ್ತದೆ.

ಆಗಸ್ಟಿನಲ್ಲಿ ಗವಿಯ ತೊಟ್ಟಿಗಿಳಿದು ತುಳಿಯುತ್ತೇವೆ.
ಬೀಜ ಕಾಲ್ಬೆರಳ ಸಂದಿಗೆ, ಜೇನುನೊಣ ಕಿವಿಗೆ.
ಏನೂ ಬೆರೆಸುವುದಿಲ್ಲ. ಹಣ್ಣಿನ ಸಿಪ್ಪೆಯ ಮೇಲೆ
ಬಿಸಿಲು ಉಜ್ಜಿಟ್ಟಂಥ ಆ ಮಾಸಲು ಪುಡಿಯೇ ಸಾಕು,
ಮೂರನೆಯ ರಾತ್ರಿ ಪೀಪಾಯಿಗೆ ಕಿವಿಯಿಟ್ಟರೆ
ಪಕ್ಕದ ಮನೆಯಲ್ಲಿ ಅನ್ನ ಕುದಿಯುವ ಸದ್ದು.
ಯಾವಾಗಲೂ ಕುದಿಯುತ್ತದೆಂದೇನಲ್ಲ.
ಒಂದು ವರ್ಷ ಇಡೀ ಪೀಪಾಯಿ ಹುಳಿಯಿತು.
ಚಳಿಗಾಲ ಮುಗಿಯುವ ತನಕ ಕೋಸಿಗೂ ಅದೇ, ಮೀನಿಗೂ ಅದೇ,
ನಾವಿಬ್ಬರೂ ಮುಖ ಕಿವುಚಿಕೊಂಡು ತಿಂದೆವು.

ಈ ಸಲ, ಮೂರನೆಯ ಮಜಲಿನಲ್ಲಿ, ಗೋಡೆಯಿಂದ ಆರನೆಯದು.
ಕಳೆದ ಬೇಸಗೆಯಲ್ಲಿ ಎರಡೇ ಗೊಂಚಲು ಬಿಟ್ಟಿತ್ತು.
‘ಕಡಿ’ ಎಂದಳು.
ನಾನು ಕೇಳಿಸದವನಂತೆ ಏಳನೆಯದಕ್ಕೆ ಹೋದೆ.
ಅದನ್ನು ಸುತ್ತಿದ್ದು ಅವಳಪ್ಪ ಗವ್ರೀಲಿಸ್.
ಭೂಕಂಪದ ವರ್ಷ; ಮನೆ ಬಿದ್ದಿತ್ತು,
ಅವನು ಗೋಡೆ ಎಬ್ಬಿಸದೆ ಮೊದಲು ಬಳ್ಳಿಗೆ ಕೂತ,
ಸೂರು ಏಳುವ ತನಕ ಹೆಂಡತಿ ಅವನೊಡನೆ ಮಾತಾಡಲಿಲ್ಲವಂತೆ.
‘ಲೂಲಿಸ್, ಗರಗಸ ತಾ.’

ಕೊಯ್ದೆ. ಒಳಗೆ ಬಸವನಹುಳುವಿನ ಚಿಪ್ಪುಗಳು,
ಒಂದು ಕೋಟಿನ ಗುಂಡಿ, ಯಾವುದೋ ಹಕ್ಕಿಯ ಹಳೆಯ ಗೂಡು.
ಸುತ್ತು ಎಣಿಸಹೋಗಿ ಅರವತ್ತೊಂದಕ್ಕೆ ಲೆಕ್ಕ ತಪ್ಪಿತು.
ಬೂದಿ ಬಗೆದು ನೋಡಿದರೆ
ಬುಡ ಒದ್ದೆಯಾಗಿತ್ತು.
‘ಬೇರು ಅಪ್ಪನದಲ್ಲ’ ಎಂದಳು, ‘ಅಜ್ಜನದೂ ಅಲ್ಲ.
ಯಾರದೆಂದು ನನ್ನನ್ನು ಕೇಳಬೇಡ. ಚಿಗುರುತ್ತದೆ.’
ಚಿಗುರಿ ಹಣ್ಣು ಬಿಡಲು ಮೂರು ವರ್ಷ.
ಅವಳಿಗೆ ಎಂಬತ್ತನಾಲ್ಕು. ನಾನು ಬಾಯಿ ಬಿಟ್ಟಿರಲಿಲ್ಲ.
‘ಲೆಕ್ಕ ಹಾಕಬೇಡವೋ, ಮಣ್ಣು ಮುಚ್ಚು.’

ಕಡಿದ ಬುಟ್ಟಿಯನ್ನು ಒಲೆಗೆಂದು ಎತ್ತಿ ತಲೆಯ ಮೇಲಿಟ್ಟುಕೊಂಡಳು.
ಒಂದು ಕೈ ಅದಕ್ಕೆ, ಒಂದು ಕೈ ಲಂಗಕ್ಕೆ,
ಗಾಳಿಗೆ ಹಳೆಯದೇ ಬೈಗುಳ,
ಇಳಿಜಾರಿನಲ್ಲಿ ಅವಳು ಸಣ್ಣಗಾಗುವ ತನಕ ನೋಡಿದೆ.
ಗುರುತಿಗೆ ಒಂದು ಕೆಂಪು ಕಲ್ಲಿಟ್ಟು
ಏಳನೆಯದಕ್ಕೆ ಮಂಡಿಯೂರಿದೆ.
ಬಲಗಡೆಯ ಕಡ್ಡಿ ಒರಟು.
ಹೆಬ್ಬೆರಳಿಟ್ಟು ಕಾದೆ.