ಅಳತೆ ಪುಸ್ತಕ

ಚಳ್ಳಕೆರೆಯ ಬಳ್ಳಾರಿ ರಸ್ತೆ, ಎಣ್ಣೆ ಮಿಲ್ಲಿನ ಹಿಂದೆ
ನನ್ನ ಮಶಿನ್ನಿನ ಮೇಲೆ ಸದಾ ಶೇಂಗಾ ಹೊಟ್ಟಿನ ಧೂಳು.
ಗಲ್ಲಾಪೆಟ್ಟಿಗೆಯ ತಳದಲ್ಲಿ ಹನ್ನೊಂದು ಅಳತೆ ಪುಸ್ತಕ.
ಸತ್ತವರ ಸೊಂಟಗಳೂ ಅದರಲ್ಲಿ ಜೋಪಾನ.

ಮೊದಲನೆಯದರ ನಲವತ್ತನೇ ಹಾಳೆ:
ಓಬಳೇಶ, ಕಾವಲು ಬೋಸಯ್ಯನ ಮಗ.
ಎದೆ ಮೂವತ್ತೊಂದು. ಸೊಂಟ ಇಪ್ಪತ್ತೈದು. ಉದ್ದ ನಲವತ್ತೊಂದು.
ಪಕ್ಕದಲ್ಲಿ ಕೆಂಪು ಶಾಯಿ: ಬಾಕಿ ಆರು ರೂಪಾಯಿ.
ಮೈಸೂರಲ್ಲಿ ಸಂದರ್ಶನವಂತೆ, ಐದು ದಿನ, ಪ್ಯಾಂಟೇ ಆಗಬೇಕಂತೆ.
ಅದುವರೆಗೆ ಪಂಚೆಯಲ್ಲೇ ಪಿಯುಸಿ ಮುಗಿಸಿದ ಹುಡುಗ.
ಅಪ್ಪ ಅಮೃತಮಹಲ್ ದನಗಳ ಹುಲ್ಲು ಕಾಯುವವ,
"ಬೆಳೀತಾನೆ ಸ್ವಾಮಿ, ಒಳಗೆ ಬಟ್ಟೆ ಬಿಟ್ಟು ಹೊಲೀರಿ" ಎಂದ.
ಎರಡಿಂಚು ಮಡಿಸಿ ಹೊಲಿದೆ.

ಆರು ರೂಪಾಯಿ ಮನಿಯಾರ್ಡರಿನಲ್ಲಿ ಬಂತು, ಪುಣೆಯಿಂದ.

ಆಮೇಲೆ ರಜೆಗೊಮ್ಮೆ ಬಂದು
ಟೇಪಿನ ಮುಂದೆ ಕೈ ಎತ್ತಿ ನಿಲ್ಲುತ್ತಿದ್ದ.
ಎದೆ ಮೂವತ್ತಾರು, ಮೂವತ್ತೆಂಟು. ಕತ್ತು ಹದಿನೈದೂವರೆ.
ಊರವರು ಪದವಿ ಕೇಳುತ್ತಿದ್ದರು, ನಾನು ತೋಳಿನುದ್ದ.
ಫ್ಲೈಯಿಂಗ್ ಆಫೀಸರ್ ಯಾರು, ಫ್ಲೈಟ್ ಲೆಫ್ಟಿನೆಂಟ್ ಯಾರು,
ನನಗೆ ತಿಳಿದದ್ದು ಭುಜದ ಪಟ್ಟಿಯ ಅಗಲದಿಂದ.
ಯಾವ ಪಟ್ಟಿಗೆ 'ನೀನು' ಹೋಗಿ 'ತಾವು' ಆಯಿತೋ ನೆನಪಿಲ್ಲ.
ಅವರಿಗೆ ಮಾತ್ರ ನಾನು ಇವತ್ತಿಗೂ ಪಾಂಡಣ್ಣ.

ನಾಲ್ಕನೇ ಪುಸ್ತಕ, ಎಂಬತ್ತಾರನೇ ಇಸವಿ.
ಟೇಪು ಹಿಡಿದೆ. ಮತ್ತೆ ಹಿಡಿದೆ.
ಕತ್ತಿನ ಬುಡದಿಂದ ಸೊಂಟಕ್ಕೆ ಮುಕ್ಕಾಲು ಇಂಚು ಕಮ್ಮಿ.
ಮೂವತ್ತೊಂದರ ಗಂಡಸು ಕುಗ್ಗುವುದುಂಟೇ,
ಟೇಪೇ ಹಿಗ್ಗಿರಬೇಕೆಂದು ಪಕ್ಕದಂಗಡಿಯಿಂದ ಹೊಸದು ತರಿಸಿದೆ.
ಅದೂ ಅದನ್ನೇ ಹೇಳಿತು.
"ಟೇಪು ಸರಿ ಇದೆ ಪಾಂಡಣ್ಣ" ಎಂದರು ಕನ್ನಡಿ ನೋಡದೆ,
"ಸೀಟು ಕೆಳಗಿಂದ ಒದ್ದು ಆಚೆ ಎಸೆಯುತ್ತೆ.
ಅದರ ಬಾಡಿಗೆ ಬೆನ್ನುಮೂಳೆ ಕಟ್ಟುತ್ತೆ."
ಸ್ವಲ್ಪ ಹೊತ್ತು ಬರೀ ಮಿಲ್ಲಿನ ಸದ್ದು.
"ಹಿಂದಿನ ಸೀಟು ಹಾರಲಿಲ್ಲ. ಇಪ್ಪತ್ತೆರಡರ ಹುಡುಗ.
ಅವನ ಅಳತೆ ಯಾವ ದರ್ಜಿಯ ಹತ್ತಿರ ಇದೆಯೋ.
ಅಮ್ಮನಿಗೆ ಹೇಳಬೇಡಿ."

ಹೇಳಲಿಲ್ಲ. ಕೋಟಿನ ಬೆನ್ನಿಗೆ ಒಳಗೊಂದು ಕ್ಯಾನ್ವಾಸ್ ಕೊಟ್ಟೆ.
ಆಕೆ ಸಾಯುವವರೆಗೂ ಮಗ ನೆಟ್ಟಗೇ ಕಂಡ.

ಅಲ್ಲಿಂದ ಮುಂದಿನದೆಲ್ಲ ಪೇಪರಿನಲ್ಲಿ ಬಂದದ್ದೇ:
ಗ್ರೂಪ್ ಕ್ಯಾಪ್ಟನ್, ಏರ್ ಕಮೊಡೋರ್, ಏರ್ ವೈಸ್ ಮಾರ್ಷಲ್,
ಕಡೆಗೆ ಏರ್ ಮಾರ್ಷಲ್, ಒಂದಿಡೀ ಕಮಾಂಡು ಕೈಕೆಳಗೆ.
ಎದೆಯ ಮೇಲೆ ರಿಬ್ಬನ್ನಿನ ಸಾಲು ಏರುತ್ತ ಹೋಯಿತು.
ದಿಲ್ಲಿಯಿಂದ ಬಟ್ಟೆ ಪಾರ್ಸೆಲ್ ಬರುತ್ತಿತ್ತು.
ಅಲ್ಲಿ ದರ್ಜಿಗಳಿಲ್ಲವೇ ಎಂದು ಫೋನಿನಲ್ಲಿ ಕೇಳಿದ್ದಕ್ಕೆ
"ಇದ್ದಾರೆ. ಭುಜ ನೋಡಿ ಹೊಲೀತಾರೆ."

ನಿವೃತ್ತರಾಗಿ ಹೋದ ತಿಂಗಳು ಬಂದರು.
ಅಪ್ಪ ಕಾಯ್ದ ಕಾವಲಿಗೆ ಹೋಗಿದ್ದರಂತೆ.
ಹುಲ್ಲಿಗೆ ಈಗ ಉದ್ದನೆ ಗೋಡೆ,
ಒಳಗೆ ಆಳಿಲ್ಲದ ವಿಮಾನ ಹಾರಿಸಿ ನೋಡುತ್ತಾರಂತೆ.
"ಗೋಡೆ ಕಟ್ಟಿಸಿದ್ದು ನಾನಲ್ಲ" ಎಂದರು.
ನಾನೇನೂ ಕೇಳಿರಲಿಲ್ಲ.
"ಒಂದು ಲೆಕ್ಕಕ್ಕೆ ಒಳ್ಳೇದೇ. ಹಿಂದಿನ ಸೀಟೇ ಇಲ್ಲ."

ಚೀಲದಿಂದ ಹಳೇ ಟ್ಯೂನಿಕ್ ತೆಗೆದರು.
ಭುಜದ ಪಟ್ಟಿ ಬಿಚ್ಚಬೇಕು, ರಿಬ್ಬನ್ ಬಿಚ್ಚಬೇಕು,
ಚಳಿಗೆ ಬರೀ ಕೋಟು ಸಾಕು.
ಬ್ಲೇಡು ಹಿಡಿದು ಒಂದೊಂದೇ ಎಳೆ ಕೊಯ್ದೆ.
ಕೆಳಗೆ, ಅಂಗೈಯಗಲ, ಬಿಸಿಲು ಕಾಣದ ನೀಲಿ,
ಥಾನಿನಿಂದ ಈಗಷ್ಟೇ ಕತ್ತರಿಸಿದ ಹಾಗೆ. ಸುತ್ತ ಎಲ್ಲ ಬೂದಿ.
ಇಬ್ಬರೂ ನೋಡಿದೆವು.
ಅದರ ಮೇಲೊಂದು ಜೇಬು ಹಾಕಲೇ ಎಂದೆ.
"ಬೇಡ. ಇರಲಿ."

ಟೇಪು ತೆಗೆದೆ. ಹೇಳದೆಯೇ ಕೈ ಎತ್ತಿ ನಿಂತರು.
ಅರವತ್ತು ದಾಟಿದರೆ ಎಲ್ಲರೂ ಕುಗ್ಗುತ್ತಾರೆ, ನಾನೂ.
ಹನ್ನೊಂದನೇ ಪುಸ್ತಕ, ಕೊನೆಗೆ ಎರಡು ಹಾಳೆ ಉಳಿದಿವೆ.
ಕೂಲಿ ಎಂಬತ್ತು ಅಂದೆ, ನೂರು ಕೊಟ್ಟರು.
ಚಿಲ್ಲರೆ ಇರಲಿಲ್ಲ. ಕೆಂಪು ಶಾಯಿಯಲ್ಲಿ ಬರೆದುಕೊಂಡೆ:
ಬಾಕಿ ಇಪ್ಪತ್ತು.
ನಾನು ಕೊಡಬೇಕಾದ್ದು.