ನಲವತ್ತೊಂದು ಸೆಕೆಂಡು

ಯಾದ್ವಿಗಾ ಸ್ಕೊವ್ರೊನ್ ತೀರಿಕೊಂಡ ಮೇಲೆ
ಅವಳ ಮೇಜಿನ ಖಾನೆ ತೆರೆದವನು ನಾನೇ,
ಇಪ್ಪತ್ತಾರು ವರ್ಷ ಅವಳ ಗೀಚುಬರಹವನ್ನು
ಶಾಯಿಯಲ್ಲಿ ನೆಟ್ಟಗೆ ನಿಲ್ಲಿಸಿದ ನಕಲುಗಾರ.
ಸಿಕ್ಕಿದ್ದು: ಗಾಜು ಬಿರಿದ ಒಂದು ಸ್ಟಾಪ್‌ವಾಚು,
ಕೆಮ್ಮಿನ ಮಾತ್ರೆ,
ಟೆಲಿವಿಷನ್ ಕಚೇರಿಯ ರಸೀದಿ, ಮೊಣಕಾಲೆತ್ತರ.

ವುಚ್ ನಗರದ ಗಿರಣಿಯಲ್ಲಿ ಅವಳಪ್ಪ ಬಟ್ಟೆ ಅಳೆಯುತ್ತಿದ್ದ.
ಮಗಳು ದುಃಖ ಅಳೆದಳು.
"ಹನ್ನೆರಡು ಸೆಕೆಂಡು ವಿರಹ ಬೇಕು," ಅನ್ನುವರು ಫೋನಿನಲ್ಲಿ,
"ಬಾಗಿಲು ಮುಚ್ಚುವ ಮೊದಲೇ ಮುಗಿಯಬೇಕು. ಬುಧವಾರದೊಳಗೆ."
ಗೇಣು ಹೆಚ್ಚಿಲ್ಲ, ಬೆರಳು ಕಮ್ಮಿಯಿಲ್ಲ,
ಕತ್ತರಿಸಿ ಕೊಡುವಳು, ಅಂಚು ಮಡಿಸಿ ಹೊಲಿದು.

ಮುಳ್ಳುಹಂದಿಯ ಕಾರ್ಟೂನಿಗೆ ಒಂದು ಕೊಳಲು, ಶೀತ ಹಿಡಿದ ಒಂದು ಬಸೂನ್.
ಪೊಲೀಸರ ಧಾರಾವಾಹಿಗೆ, ಮೂರು ವರ್ಷ, ಬರೀ ಓಡುವ ಬೂಟು.
ಟ್ರ್ಯಾಕ್ಟರಿನ ಸಾಕ್ಷ್ಯಚಿತ್ರಕ್ಕೆ ಎಂಥ ಕಹಳೆ!
ಟ್ರ್ಯಾಕ್ಟರು ಕೆಸರಲ್ಲಿ ಹೂತದ್ದನ್ನು ಮೇಲಿನವರು ಕತ್ತರಿಸಿದರು,
ಕಹಳೆ ಉಳಿಯಿತು.
ಹವಾಮಾನ ವಾರ್ತೆಗೆ ಒಂಬತ್ತೇ ಸೆಕೆಂಡು:
ದೇಶಕ್ಕೆ ದೇಶವೇ ಅದನ್ನು ಗುನುಗುತ್ತ ಕೊಡೆ ಹುಡುಕಿತು.
ಸಿಂಫನಿಯೂ ಒಂದಿತ್ತು. ಒಮ್ಮೆ ನುಡಿಸಿದರು.
ಅವತ್ತು ಸಭೆಯಲ್ಲಿ ಜನಕ್ಕಿಂತ ಕೊಡೆಗಳೇ ಹೆಚ್ಚು.

ಆದರೆ ಎಪ್ಪತ್ತೊಂಬತ್ತರ ಆ ಚಳಿಗಾಲ.
ಚಿತ್ರದಲ್ಲಿ ಒಬ್ಬಳು, ಗಂಡನ ಮಣ್ಣು ಮುಗಿಸಿ ಬಂದು
ಕೋಟು ಬಿಚ್ಚದೆ ಬೀಟ್‌ರೂಟ್ ಸಾರು ಕುಡಿಯುತ್ತಾಳೆ. ಅಷ್ಟೇ.
ಯಾದ್ವಿಗಾ ಬರೆದದ್ದು ನಾಲ್ಕು ವಿಯೋಲಾ, ನಲವತ್ತೊಂದು ಸೆಕೆಂಡು.
ಸುಳ್ಳೇಕೆ, ಹಾಳೆ ಒದ್ದೆಯಾಗಿ ನಾನು ಎರಡು ಸಲ ನಕಲು ಮಾಡಿದೆ.
ರೆಕಾರ್ಡಿಂಗ್ ಮುಗಿದರೂ ವಾದ್ಯದವರು
ಸಿಗರೇಟಿಗೆ ಏಳಲಿಲ್ಲ.

ಮಿಕ್ಸಿಂಗ್ ಕೋಣೆಯಲ್ಲಿ ಅವಳೇ ಎದ್ದು
ಧ್ವನಿಯ ಹಿಡಿಯನ್ನು ಕೆಳಗೆಳೆದಳು,
ಇನ್ನೂ ಕೆಳಗೆ, ಸೊನ್ನೆಗೆ.
"ಚಮಚ ಬಟ್ಟಲಿಗೆ ತಾಗುವುದು ಕೇಳಲಿ."
ನಿರ್ದೇಶಕ ಗೋಗರೆದ. ಅವಳು ಆಗಲೇ ಸ್ಕಾರ್ಫು ಸುತ್ತಿಕೊಳ್ಳುತ್ತಿದ್ದಳು.

ನನಗೋ ಉರಿದುಹೋಯಿತು. ನನ್ನ ಶಾಯಿ, ನನ್ನೆರಡು ರಾತ್ರಿ!
ಟ್ರ್ಯಾಮಿನಲ್ಲಿ ಕೊನೆಯ ನಿಲ್ದಾಣದವರೆಗೂ ತುಟಿ ಬಿಚ್ಚಲಿಲ್ಲ.
ಅವಳು ಕೈಗವಸು ಕಳಚಿ
ಕಿಟಕಿಯ ಮಂಜಿನ ಮೇಲೆ ಬೆರಳಲ್ಲಿ ಬರೆದಳು: 41.
"ಇವತ್ತಿನ ನಷ್ಟ," ಎಂದು ನಕ್ಕಳು.
ಕೇಳಿಸಿದ್ದಕ್ಕೆ ಮಾತ್ರ ದುಡ್ಡು, ಕಚೇರಿಯ ಕಾನೂನು.

ನಿನ್ನೆ ಅವಳ ಹೆಸರಿಗೆ ಹಣ ಬಂತು.
ಹಂಗೇರಿಯಲ್ಲೆಲ್ಲೋ ಮುಳ್ಳುಹಂದಿ ಮತ್ತೆ ಓಡಿದೆಯಂತೆ.
ಲೆಕ್ಕ ಹಾಕಿದರೆ ಒಂದು ಕಟ್ಟು ಬೀಟ್‌ರೂಟಿನ ಬೆಲೆ.
ತಂದೆ. ಸಾರು ಮಾಡಿದೆ. ಉಪ್ಪು ಮುಂದಾಯಿತು.
ಬಿರಿದ ಗಾಜಿನ ಗಡಿಯಾರ ಎದುರಿಗಿಟ್ಟು
ಗುಂಡಿ ಒತ್ತಿದೆ.

ಚಮಚ ಬಟ್ಟಲಿಗೆ ತಾಗಿತು.
ಕೆಳಮನೆಯಲ್ಲಿ ಯಾರೋ ಕುರ್ಚಿ ಎಳೆದರು.
ಮುಳ್ಳು ಮೂವತ್ತಮೂರಕ್ಕೆ ಬಂದು ನಿಂತುಬಿಟ್ಟಿತು,
ತುಕ್ಕೋ ಏನೋ.
ಮಿಕ್ಕ ಎಂಟನ್ನು
ನಾನೇ ಎಣಿಸಿದೆ.